ತಿದ್ದುಪಡಿಗಾಗಿ ವಾಪಸು

ನಾನು ಎಳೆದ ಗೆರೆಯನ್ನು ಕಂಡು ಒಂದು ಗೋಡೆ ನಾಚಿಕೊಂಡು, ತಾನಾಗಿಯೇ ನೆಟ್ಟಗೆ ನಿಂತದ್ದುಂಟು. ಮೇಸ್ತ್ರಿ ಕಣ್ಣಾರೆ ನೋಡಿದ್ದಾನೆ. ಮೇಸ್ತ್ರಿ ಈಗಿಲ್ಲ, ಆ ಗೋಡೆಯೂ ಇಲ್ಲ; ಆದರೆ ಗೆರೆ ಇದೆ, ಅನುಮಾನವಿದ್ದವರು ಬಂದು ನೋಡಬಹುದು. ಮೂವತ್ತೊಂದು ವರ್ಷದಿಂದ ನಗರಸಭೆಯ ಕಚೇರಿಯ ಎದುರು, ಎಂಟಡಿಗೆ ಆರಡಿಯ ಒಂದು ಕೋಣೆಯಲ್ಲಿ ಕೂತು ನಾನು ಮನೆಗಳ ನಕ್ಷೆ ಬರೆಯುತ್ತಿದ್ದೇನೆ. ಈ ಊರಿನ ಅರ್ಧದಷ್ಟು ಮನೆಗಳು ನನ್ನ ಕೈಯಿಂದ ಹುಟ್ಟಿದವು. ಉಳಿದರ್ಧ ನೋಡುವ ಹಾಗಿಲ್ಲ. ಇಂಜಿನಿಯರುಗಳು ಎಲ್ಲೆಲ್ಲೋ ಓದಿ ಬರುತ್ತಾರೆ, ಕಂಪ್ಯೂಟರಿನ ಮುಂದೆ ಕೂತು ಗುಂಡಿ ಒತ್ತುತ್ತಾರೆ, ಅವರ ಗೆರೆಗಳಲ್ಲಿ ರಕ್ತವೇ ಇರುವುದಿಲ್ಲ. ನಾನು ಬರೆದ ಮೆಟ್ಟಿಲನ್ನು ಹಾಳೆಯ ಮೇಲೆ ನೋಡಿದವರಿಗೇ ಏದುಸಿರು ಬರುತ್ತದೆ. ನನ್ನ ಅಡುಗೆಮನೆಯ ನಕ್ಷೆ ನೋಡಿ ಒಬ್ಬಾಕೆ ಹಸಿವಾಗಿ ಅಲ್ಲೇ ಬನ್ನು ತರಿಸಿ ತಿಂದಳು. ಇದನ್ನೆಲ್ಲ ಹೇಳಿಕೊಂಡು ತಿರುಗುವ ಸ್ವಭಾವ ನನ್ನದಲ್ಲ. ಆದರೆ ಅವತ್ತು ಬೆಳಿಗ್ಗೆ ಅಕ್ಕ ಒಂಬತ್ತಕ್ಕೇ ಬಂದು ನನ್ನ ಕೋಣೆಯ ಬಾಗಿಲಲ್ಲಿ ನಿಂತು, ಬಟ್ಟೆಯ ಚೀಲವನ್ನು ಎದೆಗೊತ್ತಿಕೊಂಡು, "ಹೊರಡೋಣವೇನೋ ಗೀಚಪ್ಪ? ಕೋರ್ಟಲ್ಲಿ ನೀನು ಇರ್ತೀಯಲ್ಲ, ಅದೇ ಧೈರ್ಯ ನಂಗೆ" ಎಂದಾಗ, ನಾನು ಯಾರು ಎನ್ನುವುದನ್ನು ನನಗೆ ನಾನೇ ಒಮ್ಮೆ ಪೂರ್ತಿಯಾಗಿ ಹೇಳಿಕೊಳ್ಳಬೇಕಾಯಿತು.

ಗೀಚಪ್ಪ ಎಂದು ಕರೆಯುವ ಹಕ್ಕು ಭೂಮಿಯ ಮೇಲೆ ಉಳಿದಿರುವುದು ಅವಳೊಬ್ಬಳಿಗೇ. ಉಳಿದವರಿಗೆ ನಾನು ನಕ್ಷೆಯ ಸಾಹೇಬ. ಕೂರಮ್ಮ, ಟೀ ತರಿಸ್ತೀನಿ ಎಂದೆ. ಅವಳು ಸುತ್ತ ನೋಡಿ, ಡ್ರಾಯಿಂಗ್ ಬೋರ್ಡಿನ ಕೆಳಗಿನ ಉದ್ದನೆಯ ಮರದ ಪೆಟ್ಟಿಗೆಯ ಮೇಲೆ ಕೂರಲು ಹೋದಳು. "ಅಲ್ಲಿ ಬೇಡ, ಅದು ಗಟ್ಟಿ ಇಲ್ಲ, ಮುರಿಯತ್ತೆ" ಎಂದು ನಾನು ಎಷ್ಟು ಜೋರಾಗಿ ಕೂಗಿದೆನೆಂದರೆ ಎದುರಿನ ಜೆರಾಕ್ಸ್ ಅಂಗಡಿಯವನು ಇಣುಕಿ ನೋಡಿದ. ಅಕ್ಕ ನಕ್ಕಳು. "ನನ್ನ ಭಾರಕ್ಕೆ ಮುರಿಯೋ ಪೆಟ್ಟಿಗೇನಾ? ಮಹಾ!" ನನ್ನ ಕುರ್ಚಿಯನ್ನೇ ಅವಳಿಗೆ ಬಿಟ್ಟುಕೊಟ್ಟು ನಾನು ನಿಂತೇ ಟೀ ಕುಡಿದೆ. ದೊಡ್ಡತನ ಎಂದರೆ ಅದು.

ಸಂಗತಿ ಇಷ್ಟೇ. ಅಕ್ಕನ ಮನೆಯ ಮೇಲೆ ಒಂದು ಕೋಣೆಯಿದೆ. ಒಂಬತ್ತಡಿ ಅಗಲ, ಹದಿನಾಲ್ಕಡಿ ಉದ್ದ. ಅದರಲ್ಲಿ ಮೂರು ಹೊಲಿಗೆ ಯಂತ್ರ, ಬಟ್ಟೆ ಕತ್ತರಿಸುವ ಎಂಟಡಿಯ ಒಂದು ಮೇಜು, ಕೆಲಸಕ್ಕೆ ಬರುವ ಇಬ್ಬರು ಹೆಂಗಸರು, ಮತ್ತು ವರ್ಷವಿಡೀ ನೀಲಿ ಬಿಳಿ ಬಟ್ಟೆಯ ಗುಡ್ಡೆ. ಶಾಲೆಯ ಮಕ್ಕಳ ಸಮವಸ್ತ್ರ ಹೊಲಿದು ಅಕ್ಕ ಹನ್ನೊಂದು ವರ್ಷದಿಂದ ಬದುಕಿದ್ದಾಳೆ. ಭಾವ ತೀರಿಕೊಂಡ ವರ್ಷವೇ ಆ ಕೋಣೆ ಕಟ್ಟಿಸಿದ್ದು. ಕೆಳಗಿನ ಮನೆಯಲ್ಲಿ ಅವಳ ಮಂಚ ಹಾಕಿದರೆ ಬಾಗಿಲು ತೆರೆಯುವುದಿಲ್ಲ, ಅಷ್ಟೇ ಜಾಗ. ಆ ಮೇಲಿನ ಕೋಣೆಯ ಬಾಗಿಲಿಗೆ ಹೋದ ವರ್ಷ ನಗರಸಭೆಯವರು ಒಂದು ಕಾಗದ ಅಂಟಿಸಿ ಹೋದರು. ಅನುಮತಿ ಪಡೆಯದೆ ಕಟ್ಟಿದ ಮೊದಲ ಮಹಡಿಯ ಕೋಣೆಯನ್ನು ಹದಿನೈದು ದಿನದೊಳಗೆ ತಾವೇ ತೆರವುಗೊಳಿಸತಕ್ಕದ್ದು, ತಪ್ಪಿದಲ್ಲಿ ಕಚೇರಿಯ ವತಿಯಿಂದ ನೆಲಸಮ ಮಾಡಲಾಗುವುದು. ಒಂದು ಹಾಳೆಗೆ ಇಡೀ ಡಬ್ಬಿ ಗೋಂದು ಹಾಕಿದ್ದರು. ಕೆಲಸ ಗೊತ್ತಿಲ್ಲದವರ ಗುರುತು ಅದೇ, ಗೋಂದು ಹೆಚ್ಚು ಸುರಿಯುತ್ತಾರೆ. ಪಕ್ಕದ ಮನೆಯ ಔಷಧಿ ಅಂಗಡಿಯವನು ತನ್ನ ಕಿಟಕಿಗೆ ಬೆಳಕು ಬರುವುದಿಲ್ಲ ಎಂದು ಅರ್ಜಿ ಬರೆದಿದ್ದನಂತೆ. ಅವನ ಮುಖಕ್ಕೆ ಸೂರ್ಯನೇ ಬಂದು ಎದುರು ನಿಂತರೂ ಬೆಳಕಾಗುವುದಿಲ್ಲ, ಕಿಟಕಿಯ ಮಾತು ಬೇರೆ.

ಅಕ್ಕ ಆ ಕಾಗದ ಹಿಡಿದುಕೊಂಡು ನನ್ನ ಹತ್ತಿರ ಓಡಿಬಂದಿದ್ದಳು. ಚಪ್ಪಲಿ ಅದಲುಬದಲಾಗಿತ್ತು, ಒಂದು ಅವಳದು, ಒಂದು ಕೆಲಸದವಳದು. "ಮಂಜೂರಾಗಿತ್ತು ಅಂದಿದ್ಯಲ್ಲೋ?" ಎಂದಳು. ಮಂಜೂರಾಗಿತ್ತು ಎಂದೆ. "ಹಾಗಾದ್ರೆ ಇದೇನಿದು?" ಕಡತ ಕಳೆದಿದ್ದಾರೆ ಎಂದೆ. ಯೋಚಿಸಿ ಹೇಳಿದ್ದಲ್ಲ; ನನಗೆ ಯೋಚಿಸುವ ಅಗತ್ಯ ಬೀಳುವುದಿಲ್ಲ, ಮಾತು ತಾನೇ ಬಂದು ಸಾಲಾಗಿ ನಿಲ್ಲುತ್ತದೆ. ನಗರಸಭೆ ಕಡತ ಕಳೆಯಿತು ಎಂದರೆ ನಂಬದವರು ಯಾರು? ಅಲ್ಲಿ ಮೂರು ಕಪಾಟು ಕಳೆದಿವೆ, ಒಮ್ಮೆ ಒಬ್ಬ ಗುಮಾಸ್ತೆಯೇ ಕಳೆದುಹೋಗಿ ನಿವೃತ್ತಿಯ ದಿನ ಸಿಕ್ಕ. ನಮ್ಮ ಪ್ರತಿ ಎಲ್ಲಿ ಎಂದು ಕೇಳಿದಾಗ ಗೆದ್ದಲು ತಿಂದಿತು ಎಂದೆ. ಅಕ್ಕ ಅದನ್ನೂ ನಂಬಿದಳು. ವಕೀಲನಂತೂ ಕೇಳಿ ಕುರ್ಚಿಯಿಂದ ಅರ್ಧ ಎದ್ದ. "ಇದು ಕೇಸು! ಮಂಜೂರಾದ ನಕ್ಷೆ, ಕಚೇರಿಯ ನಿರ್ಲಕ್ಷ್ಯ, ಒಂಟಿ ಹೆಂಗಸು. ಆಹಾ!" ಎಂದು ಒಂಟಿ ಹೆಂಗಸಿನ ಎದುರಿಗೇ ಕೈ ಉಜ್ಜಿಕೊಂಡ. ಆ ವಕೀಲನಿಗೆ ಕೋರ್ಟಿನ ಸುತ್ತಮುತ್ತ ಮುಂದಿನ ತಾರೀಖು ಎಂದೇ ಹೆಸರು. ಬಾಯಿ ತೆರೆದರೆ ಅದೊಂದೇ ಮಾತು ಬರುತ್ತಿತ್ತು, ಆಕಳಿಸಿದರೂ ಅದೇ ಕೇಳಿಸುತ್ತಿತ್ತು. ಹೇಗೋ ತಡೆಯಾಜ್ಞೆ ತಂದ. ಅದರ ಆಸರೆಯಲ್ಲಿ ಕೋಣೆ ಒಂದು ವರ್ಷ ನಿಂತಿತು. ಹೋದ ಸಲ ನ್ಯಾಯಾಧೀಶರು, ಕಡತ ಇಲ್ಲದಿದ್ದರೆ ಹೋಗಲಿ, ಆ ವರ್ಷದ ಆವಕ ಜಾವಕ ಪುಸ್ತಕವನ್ನಾದರೂ ತನ್ನಿ ಎಂದು ನಗರಸಭೆಗೆ ಹೇಳಿದ್ದರು. ಯಾವ ಕಾಗದ ಒಳಗೆ ಬಂತು, ಯಾವುದು ಹೊರಗೆ ಹೋಯಿತು ಎಂದು ಬರೆದಿಡುವ ಪುಸ್ತಕ. ಅವತ್ತು ಅದನ್ನು ತರುವ ದಿನ.

ಸಿಗುವುದಿಲ್ಲ ಎಂದು ನನಗೆ ಖಾತ್ರಿಯಿತ್ತು. ಆ ಪುಸ್ತಕಗಳನ್ನು ಕಾಯುವವಳು ಧೂಳಮ್ಮ. ನಾನೇ ಇಟ್ಟ ಹೆಸರು. ಇಪ್ಪತ್ತು ವರ್ಷದಿಂದ ನೆಲಮಾಳಿಗೆಯ ಕಡತದ ಕೋಣೆಯಲ್ಲಿ ಕೂತಿದ್ದಾಳೆ, ಅವಳ ಮೇಲೆ ಬೆರಳಿನಿಂದ ಗೆರೆ ಎಳೆಯಬಹುದು ಎಂದು ಟೀ ಅಂಗಡಿಯಲ್ಲಿ ಹೇಳಿ ನಾನು ಎಷ್ಟು ಸಲ ನಗಿಸಿದ್ದೇನೋ. ಒಮ್ಮೆ ಅವಳು ಅಲ್ಲೇ ಹಿಂದೆ ನಿಂತು ಬನ್ನು ಕಟ್ಟಿಸಿಕೊಳ್ಳುತ್ತಿದ್ದಳು. ಸೆರಗಿನಿಂದ ಕನ್ನಡಕ ಒರೆಸಿಕೊಂಡು ಹೋದಳು. ಅಂಥವರಿಗೆ ಸಿಟ್ಟು ಬರುವುದಕ್ಕೂ ಮೇಲಧಿಕಾರಿಯ ಅನುಮತಿ ಬೇಕು ಎಂದು ನಾನು ಹೇಳಿದೆ, ಅದಕ್ಕೂ ಎಲ್ಲರೂ ನಕ್ಕರು. ಆದರೆ ಆ ನಗೆ ಮೊದಲಿನಷ್ಟು ಹೊತ್ತು ನಿಲ್ಲಲಿಲ್ಲ, ಯಾಕೋ.

ಕೋರ್ಟಿನ ಕಟ್ಟಡ ನಾನು ಬರೆದದ್ದಲ್ಲ. ಅದು ಒಳಗೆ ಕಾಲಿಡುತ್ತಲೇ ಗೊತ್ತಾಗುತ್ತದೆ. ನಡುವೆ ಕತ್ತಲೆಯ ಓಣಿ, ಎರಡೂ ಬದಿಗೆ ಬೆಂಚು, ಬೆಂಚಿನ ಮೇಲೆ ಕೂತವರ ಮೊಣಕಾಲಿಗೆ ನಡೆಯುವವರ ಚೀಲ ತಾಗುತ್ತದೆ. ಇನ್ನೊಂದು ಅಡಿ ಅಗಲ ಬಿಟ್ಟಿದ್ದರೆ ಲೋಕದ ಅರ್ಧ ಜಗಳ ಇತ್ಯರ್ಥವಾಗುತ್ತಿತ್ತು. ಕಿಟಕಿಗಳು ಎಷ್ಟು ಎತ್ತರದಲ್ಲಿವೆಯೆಂದರೆ ನ್ಯಾಯ ಬೇಕಾದವನು ಏಣಿ ತರಬೇಕು. ನಾನು ಇದನ್ನೆಲ್ಲ ಅಕ್ಕನಿಗೆ ವಿವರಿಸುತ್ತಿದ್ದೆ. ಅವಳು ಹ್ಞೂಂ ಹ್ಞೂಂ ಎನ್ನುತ್ತ ಚೀಲದಿಂದ ಒಂದು ಪುಟ್ಟ ಬಿಳಿ ಅಂಗಿ ತೆಗೆದು, ಸೂಜಿಗೆ ದಾರ ಪೋಣಿಸಿ, ಗುಂಡಿ ಹಚ್ಚಲು ಶುರುಮಾಡಿದಳು. ಬಾಗಿಲಲ್ಲಿದ್ದ ಜವಾನ ಬಂದು ಅವಳ ಎದುರು ನಿಂತ.

"ಏನಮ್ಮಾ, ಇದು ಕೋರ್ಟು. ಇಲ್ಲಿ ಹೊಲಿಗೆ ಹೊಲಿಯೋ ಹಾಗಿಲ್ಲ."

"ಕೈ ಖಾಲಿ ಇದ್ರೆ ಭಯ ಆಗತ್ತಪ್ಪ" ಎಂದಳು ಅಕ್ಕ.

ಅವನು ಏನೋ ಹೇಳಲು ಬಾಯಿ ತೆರೆದವನು, ತನ್ನ ಅಂಗಿಯ ಎರಡನೆಯ ಗುಂಡಿ ಇಲ್ಲದ ಜಾಗವನ್ನು ಕೈಯಲ್ಲಿ ಮುಚ್ಚಿಕೊಂಡು ಸುಮ್ಮನೆ ಹೋದ. ಆಮೇಲೆ ನನ್ನ ಕಡೆ ತಿರುಗಿ, "ಏಯ್, ನೀವು ಕಾಲ ಮೇಲಿನ ಕಾಲು ತೆಗೀರಿ. ಜಾಮೀನಿಗೆ ಬಂದೋರಾ?" ಎಂದ. ಜಾಮೀನು! ಮೂವತ್ತೊಂದು ವರ್ಷ ಈ ಊರಿಗೆ ಸೂರು ಕೊಟ್ಟವನನ್ನು! ನಾನು ಒಂದು ನೋಟ ನೋಡಿದೆ. ಆ ನೋಟಕ್ಕೆ ಸಿಕ್ಕಿ ಎಷ್ಟೋ ಜನ ಕೆಲಸ ಬಿಟ್ಟು ಹೋಗಿದ್ದಾರೆ. ಇವನು ಹೋಗಲಿಲ್ಲ. ನಾನು ಕಾಲು ತೆಗೆದೆ.

ಅಕ್ಕನ ಕೈ ಗುಂಡಿಯ ಸುತ್ತ ನಾಲ್ಕು ಸುತ್ತು ಹಾಕಿ, ಗಂಟಿಕ್ಕಿ, ಹಲ್ಲಿನಲ್ಲಿ ದಾರ ಕಡಿಯುವುದನ್ನು ನೋಡುತ್ತಿದ್ದಂತೆ ನನಗೆ ಭೂಗೋಳದ ಮೇಷ್ಟ್ರು ನೆನಪಾದರು. ಯಾಕೆ ಎನ್ನುವುದು ಗೊತ್ತಿಲ್ಲ. ಅವರಿಗೆ ಕಿವಿಯಲ್ಲಿ ಕೂದಲಿತ್ತು, ನಕ್ಷೆಯೆಂದರೆ ಪ್ರಾಣ. ನದಿಗಳನ್ನು ಬರೆದುಕೊಂಡು ಬನ್ನಿ ಎಂದರೆ ನಾನು ರಾತ್ರಿ ಉಂಡು ಮಲಗುತ್ತಿದ್ದೆ, ಬೆಳಿಗ್ಗೆ ನನ್ನ ಪುಸ್ತಕದಲ್ಲಿ ನದಿಗಳು ಹರಿಯುತ್ತಿದ್ದವು. ಅಕ್ಕ ಎರಡು ತರಗತಿ ಮುಂದಿದ್ದಳು. ಅವಳ ಕೈಯಲ್ಲಿ ತೀರದ ಗೆರೆ ನಡುಗುತ್ತಲೇ ಇರಲಿಲ್ಲ. ಮೇಷ್ಟ್ರು ಇಡೀ ತರಗತಿಗೆ ನನ್ನ ಪುಸ್ತಕ ಎತ್ತಿ ತೋರಿಸಿ, ಈ ಹುಡುಗನ ಕೈ ನೋಡಿ, ಇದು ಕೈ ಎಂದರು. ನಾನು ಕೈ ನೋಡಿಕೊಂಡೆ. ಅಂದಿನಿಂದ ಅದು ನನ್ನದೇ ಎಂದು ನಂಬಿದೆ. ಒಂದು ದಿನ ಹಲಗೆಯ ಮೇಲೆ ಬರೆ ಬಾ ಎಂದು ಸೀಮೆಸುಣ್ಣ ಕೊಟ್ಟರು. ಹೊಟ್ಟೆ ಹಿಡಿದುಕೊಂಡು ಬಗ್ಗಿದೆ. ಮೇಷ್ಟ್ರು ಅನುಮಾನದಿಂದ ಅಕ್ಕನನ್ನು ಅವಳ ತರಗತಿಯಿಂದ ಕರೆಸಿ ಕೇಳಿದರು, ಇವನಿಗೆ ನಿಜವಾಗಿ ಹೊಟ್ಟೆನೋವೇನೇ? ಅವಳು ನನ್ನ ಮುಖ ನೋಡಿದಳು. "ಹೌದು ಸಾರ್, ಬೆಳಿಗ್ಗೆಯಿಂದ" ಎಂದಳು. ದಾರಿಯುದ್ದಕ್ಕೂ ನನ್ನ ಚೀಲವನ್ನೂ ಅವಳೇ ಹೊತ್ತು ಮನೆಗೆ ನಡೆಸಿಕೊಂಡು ಹೋದಳು, ಹೊಟ್ಟೆನೋವಿನವನನ್ನು ನಡೆಸಿಕೊಂಡು ಹೋದ ಹಾಗೇ, ನಿಧಾನಕ್ಕೆ. ನಾನು ಆಮೇಲೆ ಗೆರೆ ಎಳೆಯುವುದನ್ನು ಕಲಿತೆ, ಅದು ಸುಳ್ಳಲ್ಲ. ಕಲಿತೆ. ಆದರೆ ಅವಳು ಎದುರಿಗಿದ್ದರೆ ಇವತ್ತಿಗೂ ನನ್ನ ಬಾಯಿ ಕೈಗಿಂತ ಮುಂದೆ ಓಡುತ್ತದೆ.

"ಏನೋ ಯೋಚನೆ? ಮುಖ ಬಿಳುಚಿಕೊಂಡಿದೆ" ಎಂದಳು ಅಕ್ಕ.

"ಈ ಕಟ್ಟಡಕ್ಕೆ ಗಾಳಿಯಿಲ್ಲ" ಎಂದೆ.

ಮುಂದಿನ ತಾರೀಖು ಕರಿಯ ಕೋಟನ್ನು ತೋಳಿಗೆ ನೇತುಹಾಕಿಕೊಂಡು ಬಂದ. ಹಲ್ಲಿನ ಸಂದಿಯಲ್ಲಿ ಏನೋ ಸಿಕ್ಕಿಕೊಂಡಿತ್ತು, ನಾಲಿಗೆಯಿಂದ ಅದನ್ನು ಹುಡುಕುತ್ತಲೇ ಮಾತಾಡಿದ. "ಪುಸ್ತಕ ತರೋದಿಲ್ಲ, ಬರೆದಿಟ್ಕೊಳ್ಳಿ. ತರದಿದ್ರೆ ನಾವು ಏನಂತೀವಿ? ಮಂಜೂರಾತಿ ಆಗಿತ್ತು ಅಂತ ಕೋರ್ಟು ಭಾವಿಸಬೇಕು ಅಂತೀವಿ. ಆದೇಶ ರದ್ದು. ಅಮ್ಮಾ, ಮೊಮ್ಮಕ್ಕಳ ಕಾಲಕ್ಕೂ ಆ ಕೋಣೆ ನಿಮ್ಮದೇ."

"ಮೊಮ್ಮಕ್ಕಳಿಲ್ಲ" ಎಂದಳು ಅಕ್ಕ.

"ಆಗ್ತಾರೆ ಬಿಡಿ" ಎಂದ ವಕೀಲ. ಮಕ್ಕಳೇ ಇಲ್ಲದವಳಿಗೆ. ಕಕ್ಷಿದಾರರ ಮುಖವನ್ನೂ ಸರಿಯಾಗಿ ನೋಡದ ಇಂಥವನಿಗೆ ಜನ ಎದ್ದು ನಿಂತು ನಮಸ್ಕಾರ ಹೇಳುತ್ತಾರೆ. ನಾನು ಎದ್ದು ನಿಂತಿದ್ದೆ, ಆದರೆ ಅದು ಬೆನ್ನು ಹಿಡಿದುಕೊಂಡಿದ್ದರಿಂದ.

ಹನ್ನೆರಡಕ್ಕೆ ಕೂಗಿದರು. ಒಳಗೆ ನ್ಯಾಯಾಧೀಶರು ಒಬ್ಬ ಹೆಂಗಸು, ನೆಗಡಿಯಾಗಿತ್ತು, ಮೂಗು ಕೆಂಪಗಿತ್ತು, ಒಂದೊಂದು ಮಾತಿಗೂ ಕರವಸ್ತ್ರ. ನ್ಯಾಯದ ಕಣ್ಣಿಗೆ ಬಟ್ಟೆ ಕಟ್ಟಿರುತ್ತಾರಂತೆ, ಇಲ್ಲಿ ಮೂಗಿಗೆ ಕಟ್ಟಿದ್ದರು. ನಗರಸಭೆಯ ಕಡೆಯಿಂದ ದೊಡ್ಡ ಇಂಜಿನಿಯರ್ ಬಂದಿದ್ದ. ಈಗ ಹೊಟ್ಟೆ ಬಂದಿದೆ, ಹನ್ನೊಂದು ವರ್ಷದ ಹಿಂದೆ ಕೆಲಸಕ್ಕೆ ಸೇರಿದಾಗ ಮುಖದ ತುಂಬ ಮೊಡವೆ ಇದ್ದವು. ಅವನನ್ನು ಟೇಪು ಎಂದು ಕರೆಯುತ್ತಿದ್ದೆವು. ಎಲ್ಲಿ ಹೋದರೂ ಜೇಬಿನಿಂದ ಟೇಪು ತೆಗೆದು ಅಳೆಯುತ್ತಿದ್ದ, ಬಾಗಿಲು ಅಳೆಯುತ್ತಿದ್ದ, ಕುರ್ಚಿ ಅಳೆಯುತ್ತಿದ್ದ. ಅಳತೆ ಗೊತ್ತಿಲ್ಲದವನಿಗೇ ಟೇಪು ಬೇಕು. ನನಗೆ ಕಣ್ಣೇ ಸಾಕು. ಅವನು ನನ್ನನ್ನು ನೋಡಿ ತಲೆಯಾಡಿಸಿದ, ಮರ್ಯಾದೆಯಿಂದಲೇ. ನಾನು ಸೂರಿನಲ್ಲಿದ್ದ ಫ್ಯಾನನ್ನು ನೋಡಿದೆ.

ಆಮೇಲೆ ಬಾಗಿಲು ತೆರೆದು ಧೂಳಮ್ಮ ಬಂದಳು.

ಅವಳ ಮೇಲೆ ಒಂದು ಕಣ ಧೂಳಿರಲಿಲ್ಲ. ಇಸ್ತ್ರಿಯ ಮಡಿಕೆ ಮುರಿಯದ ಸೀರೆ, ಬಿಗಿಯಾಗಿ ಕಟ್ಟಿದ ಕೂದಲು. ಎರಡೂ ಕೈಯಲ್ಲಿ, ಮಗುವನ್ನು ಎತ್ತಿಕೊಂಡ ಹಾಗೆ, ಕೆಂಪು ಬಟ್ಟೆಯಲ್ಲಿ ಸುತ್ತಿದ ದಪ್ಪ ಪುಸ್ತಕ. ಮೇಜಿನ ಮೇಲಿಟ್ಟು, ಗಂಟು ಬಿಚ್ಚಿ, ಬಟ್ಟೆಯನ್ನು ನಾಲ್ಕು ಮಡಿಕೆ ಮಾಡಿ ಬದಿಗಿಟ್ಟು, ಮೊದಲೇ ಗುರುತಿಗೆ ಇಟ್ಟಿದ್ದ ಕಾಗದದ ಪಟ್ಟಿಯ ಹತ್ತಿರ ತೆರೆದಳು. ಯಾವುದಕ್ಕೂ ಅವಸರವಿಲ್ಲ. ಹನ್ನೊಂದು ವರ್ಷದ ಹಿಂದಿನ ಹಾಳೆ, ಮೂಲೆ ಕೂಡ ಮಡಿಚಿರಲಿಲ್ಲ. ನನ್ನ ಕಾಲ ಕೆಳಗಿನ ನೆಲ ಒಂದು ಅಡಿ ಇಳಿಯಿತು. ಇದು ಉತ್ಪ್ರೇಕ್ಷೆಯಲ್ಲ.

ಮುಂದೆ ನಡೆದದ್ದನ್ನು ಹೀಗೆ ಹೇಳಬಹುದು: ನಾನು ಎದ್ದು ನಿಂತೆ, ಇಡೀ ಕೋರ್ಟು ನಿಶ್ಶಬ್ದವಾಯಿತು, ಪುಸ್ತಕವನ್ನು ಕೈಗೆತ್ತಿಕೊಂಡು ಒಂದೇ ನೋಟಕ್ಕೆ ಅದರಲ್ಲಿದ್ದ ಹದಿನೇಳು ತಪ್ಪುಗಳನ್ನು ತೋರಿಸಿದೆ, ದೊಡ್ಡ ಇಂಜಿನಿಯರನ ಟೇಪು ಜೇಬಿನಿಂದ ತಾನಾಗಿ ಹೊರಬಂದು ನೆಲದ ಮೇಲೆ ಬಿತ್ತು, ನ್ಯಾಯಾಧೀಶರಿಗೆ ನೆಗಡಿಯೇ ಬಿಟ್ಟುಹೋಯಿತು. ಎಷ್ಟು ಜನಕ್ಕೆ ಬೇಕಾದರೂ ಹೀಗೆ ಹೇಳಬಲ್ಲೆ. ಟೀ ಅಂಗಡಿಯಲ್ಲಿ ನಾಳೆಯೇ ಹೇಳುತ್ತಿದ್ದೆ. ಆದರೆ ನಡೆದದ್ದು ಅದಲ್ಲ. ಧೂಳಮ್ಮ ಬೆರಳಿಟ್ಟು ಓದಿದಳು. ಓದುವ ದನಿ ಸಣ್ಣದು, ಸ್ಪಷ್ಟ. ಇಂಥ ತಾರೀಖು, ಮೊದಲ ಮಹಡಿಯ ಕೋಣೆಯ ನಕ್ಷೆ, ಆವಕ. ಒಂಬತ್ತು ದಿನದ ನಂತರ ಅದೇ ನಕ್ಷೆ, ಜಾವಕ. ಷರಾ: ತಿದ್ದುಪಡಿಗಾಗಿ ವಾಪಸು. ವಾಪಸು ಪಡೆದವರ ರುಜು.

"ಯಾರ ರುಜು?" ಎಂದರು ನ್ಯಾಯಾಧೀಶರು.

ಧೂಳಮ್ಮ ನನ್ನ ಕಡೆ ನೋಡಲೇ ಇಲ್ಲ. "ನಕ್ಷೆ ಬರೆದವರದು, ಮೇಡಂ" ಎಂದಳು. ಬೆರಳು ತೋರಿಸಿದ್ದರೆ, ನಕ್ಕಿದ್ದರೆ, ಇಪ್ಪತ್ತು ವರ್ಷದ್ದನ್ನೆಲ್ಲ ಸೇರಿಸಿ ಒಂದು ಮಾತು ಅಂದಿದ್ದರೆ ನಾನು ಅವಳನ್ನು ತಿರಸ್ಕರಿಸಿ ಬಚಾವಾಗುತ್ತಿದ್ದೆ. ಅವಳು ತನ್ನ ಕೆಲಸ ಮಾಡಿದಳು, ಅಷ್ಟೇ.

ನನ್ನನ್ನು ಮುಂದೆ ಕರೆದರು. ಬೆಂಚುಗಳ ನಡುವೆ ನಡೆದು ಹೋಗುವಾಗ ಚಪ್ಪಲಿ ಕಿರ್ ಕಿರ್ ಎಂದು ಸದ್ದು ಮಾಡಿತು. ಪುಸ್ತಕವನ್ನು ನನ್ನ ಕಡೆ ತಿರುಗಿಸಿದರು. ರುಜು ಅಲ್ಲಿತ್ತು. ಬಾಲಕ್ಕೆ ಮೂರು ಸುರುಳಿ, ಕೆಳಗೆ ಒಂದು ಗೆರೆ, ಗೆರೆಯ ಕೆಳಗೆ ಎರಡು ಚುಕ್ಕೆ. ಪಕ್ಕದ ಎರಡು ಕಾಲಮ್ಮುಗಳನ್ನೂ ತಿಂದುಕೊಂಡು ಮಲಗಿತ್ತು. ಲೋಕದಲ್ಲಿ ಇನ್ನೊಬ್ಬನಿಗೆ ಇಂಥ ರುಜು ಹಾಕಲು ನಾಚಿಕೆಯಾಗುತ್ತದೆ.

"ಇದು ನಿಮ್ಮ ರುಜುವಾ?"

"ಸರಿಯಾಗಿ ಕಾಣ್ತಿಲ್ಲ ಮೇಡಂ. ಕನ್ನಡಕ ತಂದಿಲ್ಲ" ಎಂದೆ.

ನ್ಯಾಯಾಧೀಶರು ಕರವಸ್ತ್ರವನ್ನು ಮೂಗಿನಿಂದ ತೆಗೆದರು. "ಮೂಗಿನ ಮೇಲಿದೆಯಲ್ರೀ."

ಹಿಂದಿನಿಂದ ನಗೆ ಬಂತು. ಜವಾನ ನಕ್ಕ, ಯಾವುದೋ ಕೇಸಿನವರು ನಕ್ಕರು, ಮುಂದಿನ ತಾರೀಖು ಕೂಡ ಕೋಟಿನ ತೋಳನ್ನು ಬಾಯಿಗೆ ಅಡ್ಡ ಹಿಡಿದು ನಕ್ಕ. ಟೇಪು ಮಾತ್ರ ನಗಲಿಲ್ಲ, ತಲೆ ತಗ್ಗಿಸಿದ, ಅದು ನಗುವುದಕ್ಕಿಂತ ಹೆಚ್ಚು ಸುಟ್ಟಿತು. ನಾನು ಕನ್ನಡಕ ತೆಗೆದೆ, ಒರೆಸಿದೆ, ಹಾಕಿಕೊಂಡೆ. ಹೊಟ್ಟೆಯಲ್ಲಿ ನಿಜವಾಗಿಯೇ ಏನೋ ಹಿಂಡಿತು. ತಿರುಗಿ ಅಕ್ಕನನ್ನು ನೋಡಿದೆ. ಯಾಕೆ ನೋಡಿದೆ ಎನ್ನುವುದು ನನಗೆ ಗೊತ್ತು, ಅವಳಿಗೂ ಗೊತ್ತು. ಅವಳು ಬೆಂಚಿನ ತುದಿಯಲ್ಲಿ ಎದ್ದು ನಿಂತಿದ್ದಳು, ಮಕ್ಕಳ ಆ ಬಿಳಿ ಅಂಗಿ ಇನ್ನೂ ಕೈಯಲ್ಲೇ ಇತ್ತು. ನ್ಯಾಯಾಧೀಶರು ಅವಳನ್ನೇ ಕೇಳಿದರು. "ನೀವು ಅರ್ಜಿದಾರರಲ್ವಾ? ಇದು ನಿಮ್ಮ ತಮ್ಮನ ರುಜು ಹೌದೋ ಅಲ್ವೋ, ನಿಮಗೆ ಗೊತ್ತಾ?"

ಇಲ್ಲ ಎಂದರೆ ಸಾಕಿತ್ತು. ಗೊತ್ತಿಲ್ಲ ಎಂದರೂ ಸಾಕಿತ್ತು. ವಕೀಲ ಕಣ್ಣಿನಿಂದ, ಹುಬ್ಬಿನಿಂದ, ಗದ್ದದಿಂದ ಅದನ್ನೇ ಅವಳಿಗೆ ಹೇಳುತ್ತಿದ್ದ. ಒಂದು ಸಣ್ಣ ಸುಳ್ಳಿಗೆ ಕೋಣೆ ಇನ್ನೊಂದು ವರ್ಷ ನಿಲ್ಲುತ್ತಿತ್ತು. ಅಕ್ಕ ನನ್ನ ಮುಖವನ್ನು ನೋಡಿದಳು.

"ಅವನದೇ ಮೇಡಂ" ಎಂದಳು. "ಚಿಕ್ಕಂದಿನಿಂದ ಹಾಗೇ ಹಾಕ್ತಾನೆ."

ಉಳಿದದ್ದು ಹತ್ತು ನಿಮಿಷ. ಮಂಜೂರಾಗಿದೆ ಎಂದು ಅರ್ಜಿಯಲ್ಲಿ ಬರೆದದ್ದು ಸುಳ್ಳು, ಅರ್ಜಿ ವಜಾ, ತಡೆಯಾಜ್ಞೆ ರದ್ದು, ಸಾಮಾನು ಸಾಗಿಸಿಕೊಳ್ಳಲು ಹದಿನೈದು ದಿನ. ಮುಂದಿನ ತಾರೀಖು ಮೊದಲ ಸಲ ಮುಂದಿನ ತಾರೀಖು ಕೇಳಲಿಲ್ಲ. ಓಣಿಗೆ ಬಂದ ಮೇಲೆ ಅಕ್ಕ ಟೇಪುವನ್ನು ನಿಲ್ಲಿಸಿ, "ಈಗ ತಿದ್ದಿ ಕೊಟ್ರೆ ಆಗಲ್ವಾ ಸಾರ್?" ಎಂದಳು. ಅವನು ಅವಳನ್ನು ಬೆಂಚಿನ ಮೇಲೆ ಕೂರಿಸಿ, ತಾನೂ ಪಕ್ಕದಲ್ಲಿ ಕೂತು, ಕಾಗದದ ಮೇಲೆ ಬರೆದು ತೋರಿಸಿದ. ಆಗ ಪೂರ್ವಕ್ಕೆ ಮೂರಡಿ ಖಾಲಿ ಜಾಗ ಬಿಟ್ಟರೆ ಸಾಕಿತ್ತಮ್ಮ, ಈಗ ನಿಯಮ ಬದಲಾಗಿದೆ, ಆರಡಿ ಬಿಡಬೇಕು. ಈಗ ಇರೋದು ಒಂದಡಿ. ಇನ್ನೈದು ಅಡಿ ಒಡೆದರೆ ನಿಮಗೆ ಉಳಿಯೋದು ನಾಲ್ಕಡಿ ಅಗಲದ ಓಣಿ. "ಆಗಲೇ ತಿದ್ದಿ ಕೊಟ್ಟಿದ್ರೆ ಮಾರನೇ ದಿನವೇ ಮೊಹರು ಹಾಕ್ತಿದ್ದೆ. ನಾನೇ ಷರಾ ಬರೆದಿದ್ದು, ನೆನಪಿದೆ. ಹೊಲಿಗೆ ಯಂತ್ರಗಳನ್ನೂ ಚೆನ್ನಾಗಿ ಬರೆದಿದ್ರು ಅದರಲ್ಲಿ" ಎಂದ. ಹೊಗಳಿದ. ಆ ಮೊಡವೆಯವನು ನನ್ನನ್ನು ಹೊಗಳಿದ. ನಾನು ಗೋಡೆಗೆ ಬೆನ್ನು ಕೊಟ್ಟು ನಿಂತು ಕೇಳಿಸಿಕೊಂಡೆ.

ದಾರಿಯಲ್ಲಿ ಅಕ್ಕ ಉಳಿದ ಗುಂಡಿ ಹಚ್ಚಿದಳು. ನಾನು ಮಾತಾಡಿದೆ. ಬಸ್ಸಿನ ಕಿಟಕಿಯಿಂದ ಕಂಡ ಮನೆಗಳನ್ನೆಲ್ಲ ಬೈದೆ, ಅದರ ಮೆಟ್ಟಿಲು ಸರಿಯಿಲ್ಲ, ಇದರ ಸಜ್ಜ ಚಿಕ್ಕದು. ಒಂದೆರಡು ನಾನೇ ಬರೆದವು. ಅವನ್ನೂ ಬೈದೆ.

ಮನೆ ತಲುಪಿ ಮೆಟ್ಟಿಲು ಹತ್ತಿದಾಗ ಮೇಲಿನ ಕೋಣೆಯಲ್ಲಿ ಯಂತ್ರಗಳು ನಿಂತವು. ಕೆಲಸದ ಹೆಂಗಸರಿಬ್ಬರೂ ನಮ್ಮ ಕಡೆ ತಿರುಗಿ ಕೂತರು. ಹಿರಿಯಳು ಕಾಜಾ ಹಾಕುವವಳು, ಮೊದಲ ದಿನದಿಂದ ಅಕ್ಕನ ಜೊತೆಗಿದ್ದಾಳೆ. ಕಿರಿಯಳು ಬಂದು ಎರಡು ವರ್ಷವಾಗಿತ್ತು, ಬಾಯಿ ಸ್ವಲ್ಪ ಜೋರು. ಪೂರ್ವದ ಗೋಡೆಗೆ ತುದಿ ತಾಗಿಸಿ ಕೋಣೆಗೆ ಅಡ್ಡಲಾಗಿ ಹಾಕಿದ ಮೇಜಿನ ಮೇಲೆ ಕತ್ತರಿಸಿದ ನೀಲಿ ತೋಳುಗಳು ಸಾಲಾಗಿ ಬಿದ್ದಿದ್ದವು. ಅಕ್ಕ ಚೀಲವನ್ನು ಮೊಳೆಗೆ ನೇತುಹಾಕಿ, ಹೂಜಿಯಿಂದ ನೀರು ಬಗ್ಗಿಸಿಕೊಂಡು ಕುಡಿದಳು.

"ಏನಾಯ್ತಕ್ಕಾ?" ಎಂದಳು ಹಿರಿಯಳು.

ಅಕ್ಕ ನನ್ನ ಕಡೆ ಲೋಟ ತೋರಿಸಿದಳು. "ಅವನು ಹೇಳ್ತಾನೆ."

ಹೇಳಿದೆ. ಬಾಯಿ ತೆರೆದರೆ ಸಾಕು, ಮಾತು ಬಂದು ಸಾಲಾಗಿ ನಿಂತಿತು. ಇಡೀ ನಗರಸಭೆ ಒಂದಾಗಿ ನಮ್ಮ ಮೇಲೆ ಬಿತ್ತು ಎಂದೆ. ಔಷಧಿ ಅಂಗಡಿಯವನು ನೆಲಮಾಳಿಗೆಯಿಂದ ಮೇಲಿನವರೆಗೂ ಕೊಂಡುಕೊಂಡಿದ್ದಾನೆ ಎಂದೆ. ಪುಸ್ತಕವನ್ನೇ ಹೊಸದಾಗಿ ಸೃಷ್ಟಿ ಮಾಡಿ ತಂದರು, ಶಾಯಿ ಇನ್ನೂ ಒಣಗಿರಲಿಲ್ಲ, ನಾನು ಮುಟ್ಟಿ ನೋಡಿದೆ, ಬೆರಳಿಗೆ ಅಂಟಿತು ಎಂದೆ. ನ್ಯಾಯಾಧೀಶರಿಗೂ ಗೊತ್ತಿತ್ತು, ಪಾಪ, ನನ್ನ ಮಾತು ಕೇಳಿ ಅವರ ಕಣ್ಣಲ್ಲಿ ನೀರು ಬಂತು, ಆದರೆ ಮೇಲಿನಿಂದ ಒತ್ತಡ. ಇಷ್ಟಕ್ಕೇ ಬಿಡುವವನಲ್ಲ ನಾನು, ದೊಡ್ಡ ಕೋರ್ಟಿಗೆ ಹೋಗ್ತೀನಿ. ಹೇಳುತ್ತಿದ್ದಂತೆ ನನಗೇ ಸಿಟ್ಟು ಬಂತು, ಹೌದಲ್ಲ, ಎಂಥ ಅನ್ಯಾಯ ಎನಿಸಿತು. ಹಿರಿಯಳು ಬಾಯಿಗೆ ಸೆರಗು ಹಿಡಿದಳು.

ಕಿರಿಯಳು ಮಾತ್ರ ನನ್ನ ಕೈ ನೋಡುತ್ತಿದ್ದಳು. "ಎಲ್ಲಿ ತೋರ್ಸಿ ಅಣ್ಣ, ಅಂಟಿದ ಶಾಯಿ?"

ನಾನು ಬೆರಳು ಮಡಿಚಿಕೊಂಡೆ. ತೊಳೆದುಕೊಂಡೆ ಎಂದೆ.

"ಅಲ್ಲ ಅಣ್ಣ, ಪುಸ್ತಕ ಹೊಸ್ದು ಅಂತೀರಿ. ಅಷ್ಟೆಲ್ಲ ಕಷ್ಟಪಟ್ಟು ಅವ್ರು ಅದ್ರಲ್ಲಿ ಬರೆದಿದ್ದಾದ್ರೂ ಏನು? ಅದೊಂದು ಹೇಳಲೇ ಇಲ್ವಲ್ಲ ನೀವು."

ಅಕ್ಕ ಲೋಟವನ್ನು ಹೂಜಿಯ ಮೇಲೆ ಬೋರಲು ಹಾಕಿ ನನ್ನ ಕಡೆ ತಿರುಗಿದಳು. ಕೋಪವಿರಲಿಲ್ಲ ಆ ಮುಖದಲ್ಲಿ. ಕೋಪವಿದ್ದಿದ್ದರೆ ನಾನು ಕೂಗಾಡಿ ಹೊರಟುಹೋಗುತ್ತಿದ್ದೆ. ಕಾಯುತ್ತಿದ್ದಳು, ಅಷ್ಟೇ.

"ವಾಪಸು ಅಂತ ಬರೆದಿತ್ತು" ಎಂದೆ. "ತಿದ್ದಿ ತನ್ನಿ ಅಂತ."

"ಏನು ತಿದ್ದಬೇಕಿತ್ತು?" ಎಂದಳು ಅಕ್ಕ. ಇಂಜಿನಿಯರ್ ಹೇಳಿದ್ದ, ಅವಳಿಗೆ ಗೊತ್ತಿತ್ತು. ಆದರೂ ಕೇಳಿದಳು.

"ಪೂರ್ವದ ಗೋಡೆ ಎರಡು ಅಡಿ ಒಳಗೆ ತಗೋಬೇಕಿತ್ತು."

"ಎರಡಡೀನಾ? ಅಷ್ಟೇನಾ?" ಎಂದಳು ಹಿರಿಯಳು, ಸೆರಗು ಬಾಯಿಂದ ಬಿದ್ದು.

"ಮೇಜು ಹಿಡಿಸ್ತಿರಲಿಲ್ಲ" ಎಂದೆ. "ಎಂಟಡಿ ಮೇಜು, ಏಳಡಿಯ ಕೋಣೆಯಲ್ಲಿ—"

"ಮೇಜನ್ನ ಎರಡಡಿ ಕುಯ್ಸಿ ಬಿಸಾಕ್ತಿದ್ದೆ ಕಣೋ" ಎಂದಳು ಅಕ್ಕ.

ಇಬ್ಬರು ಹೆಂಗಸರೂ ಮೇಜನ್ನು ನೋಡಿದರು. ನಾನೂ ನೋಡಿದೆ. ಸಾಧಾರಣ ಮರದ ಮೇಜು.

"ಕಡತ ಅವರು ಕಳೀಲಿಲ್ಲ" ಎಂದೆ. "ಗೆದ್ದಲೂ ತಿಂದಿಲ್ಲ. ನನ್ನ ಪೆಟ್ಟಿಗೇಲಿದೆ. ನೀನು ಬೆಳಿಗ್ಗೆ ಕೂರೋಕೆ ಹೋದ್ಯಲ್ಲ, ಅದರಲ್ಲಿ. ನಾನು ಅದನ್ನ ಎಷ್ಟು ಚೆನ್ನಾಗಿ ಬರೆದಿದ್ದೆ ಅಕ್ಕ, ನಿನ್ನ ಮೂರು ಯಂತ್ರ, ಪೆಡಲು, ಚಕ್ರ, ಎಲ್ಲ. ಅದರ ಮೇಲೆ ಅವನು ಕೆಂಪು ಶಾಯಿಯಲ್ಲಿ ಅಡ್ಡಡ್ಡ ಬರೆದುಬಿಟ್ಟ. ನಿನಗೆ ಹೇಗೆ ತೋರಿಸಲಿ? ನನ್ನ ನಕ್ಷೆ ಅಂದ್ರೆ ಮೊಹರು ತಾನಾಗೇ ಬಂದು ಕೂರತ್ತೆ, ಇಷ್ಟು ವರ್ಷದಲ್ಲಿ ಒಂದೂ ವಾಪಸು ಬಂದಿಲ್ಲ ಅಂತ ನಿನಗೆ ಹೇಳಿಕೊಂಡಿದ್ದೆನಲ್ಲ."

"ಇದೊಂದೇ ಬಂದಿದ್ದಾ?"

ಆಗಲೂ ಹೌದು ಎನ್ನಬಹುದಿತ್ತು. ಇದೊಂದೇ ಎಂದರೆ ಅದರಲ್ಲಿ ಸ್ವಲ್ಪವಾದರೂ ಮರ್ಯಾದೆ ಇತ್ತು.

"ಇಲ್ಲ" ಎಂದೆ. "ಅರ್ಧಕ್ಕಿಂತ ಹೆಚ್ಚು ವಾಪಸು ಬರತ್ತೆ. ಎಲ್ಲರದ್ದೂ ಬರತ್ತೆ. ಬಂದ ದಿನವೇ ರಬ್ಬರು ತಗೊಂಡು ಅಳಿಸಿ, ತಿದ್ದಿ, ಸಂಜೆಯೊಳಗೆ ಕೊಟ್ಟು ಬರ್ತೀನಿ. ಅರ್ಧ ಗಂಟೆ ಕೆಲಸ. ಮುಖ ನೋಡದವರದ್ದೆಲ್ಲ ಮಾಡಿದ್ದೀನಿ. ಪಕ್ಕದ ಔಷಧಿ ಅಂಗಡಿಯವನದ್ದೂ ಎರಡು ಸಲ ತಿದ್ದಿ ಕೊಟ್ಟಿದ್ದೀನಿ. ನಿನ್ನದೊಂದೇ ತಿದ್ದಲಿಲ್ಲ."